ಚೇಲನಾದೇವಿಯ ಬಯಕೆ, ಕೂಣಿಕನ ಬೆರಳು

ಮಗಧದ ಅರಸ ಶ್ರೇಣಿಕನ ರಾಣಿ ಚೇಲನಾದೇವಿ ವೈಶಾಲಿಯ ಚೇಟಕರಾಜನ ಮಗಳು. ಜಿನಧರ್ಮದಲ್ಲಿ ಅಚಲ ಶ್ರದ್ಧೆಯುಳ್ಳ ಶ್ರಾವಕಿ. ಆಕೆ ಗರ್ಭಿಣಿಯಾದಾಗ ಹುಟ್ಟಿದ ಬಯಕೆ ಘೋರವಾದುದು: ಪತಿಯ ಮಾಂಸವನ್ನೇ ತಿನ್ನಬೇಕೆಂಬುದು. ಹೇಳಲಾರದೆ ರಾಣಿ ಸೊರಗಿದಳು. ಕೊನೆಗೆ ರಾಜಪುತ್ರ ಅಭಯಕುಮಾರನು ಉಪಾಯದಿಂದ, ಅರಸನಿಗೆ ಅಪಾಯವಾಗದಂತೆ, ಅದನ್ನು ತೀರಿಸಿದನೆಂದು ಶ್ವೇತಾಂಬರ ಆಗಮವಾದ ನಿರಯಾವಲಿಯಾ ತಿಳಿಸುತ್ತದೆ.

ಬಯಕೆ ತೀರಿತು, ಭಯ ತೀರಲಿಲ್ಲ. ಗರ್ಭದಲ್ಲಿರುವಾಗಲೇ ತಂದೆಯ ಮಾಂಸ ಬಯಸಿದ ಜೀವ ಮುಂದೆ ಕುಲವನ್ನೇ ಕೆಡಿಸೀತೆಂದು ಆಕೆ ಗರ್ಭವನ್ನು ಕೆಡಿಸಿಕೊಳ್ಳಲು ಯತ್ನಿಸಿದಳು; ಫಲಿಸಲಿಲ್ಲ. ಹೆತ್ತೊಡನೆ ದಾಸಿಯಿಂದ ಶಿಶುವನ್ನು ತಿಪ್ಪೆಗೆ ಹಾಕಿಸಿದಳು. ಆಕೆಯನ್ನು ಕ್ರೂರಿಯೆನ್ನಲು ನನಗೆ ಮನಸ್ಸು ಬಾರದು. ಒಂಬತ್ತು ತಿಂಗಳು ಮಗುವಿನ ಜೊತೆಗೇ ಹೊತ್ತ ಅಂಜಿಕೆ ಅದು, ಪತಿಯ ಮೇಲಣ ಪ್ರೀತಿಯಿಂದಲೇ ಹುಟ್ಟಿದ್ದು.

ತಿಪ್ಪೆಯಲ್ಲಿ ಕೋಳಿಯೊಂದು ಮಗುವಿನ ಬೆರಳನ್ನು ಕುಕ್ಕಿತು. ಶ್ರೇಣಿಕನು ಮಗುವನ್ನು ಎತ್ತಿ ತಂದು, ರಾಣಿಯನ್ನು ಗದರಿಸಿ, ಆಕೆಗೇ ಸಾಕಲು ಒಪ್ಪಿಸಿದನು. ಬೆರಳು ಕೀವಾಗಿ ಮಗು ಚೀರಿದಾಗಲೆಲ್ಲ ಅದನ್ನು ತನ್ನ ಬಾಯಲ್ಲಿಟ್ಟು ಕೀವು ಹೀರಿ ಸಂತೈಸಿದವನು ತಂದೆ. ಮುರುಟಿದ ಆ ಬೆರಳಿನಿಂದಲೇ ಕೂಣಿಕನೆಂಬ ಹೆಸರು. ಬೌದ್ಧರು ಅಜಾತಶತ್ರುವೆನ್ನುವುದು ಇವನನ್ನೇ.

ಬೆಳೆದ ಕೂಣಿಕನು ತಂದೆಯನ್ನು ಸೆರೆಯಲ್ಲಿಟ್ಟು ಸಿಂಹಾಸನವೇರಿದನು. ವಂದಿಸಲು ಬಂದ ಮಗನಿಗೆ ತಾಯಿ ಬಾಡಿದ ಮುಖದಿಂದ ಎಲ್ಲವನ್ನೂ ಹೇಳಿದಳು. ತಾನು ಎಸೆದುದನ್ನೂ ಮುಚ್ಚಿಡಲಿಲ್ಲ. ಆತ ಸಂಕೋಲೆ ಕಡಿಯಲು ಕೊಡಲಿ ಹಿಡಿದು ಧಾವಿಸಿದನು. ಕೊಡಲಿಯನ್ನು ಕಂಡ ಶ್ರೇಣಿಕನು, ಮಗ ಕೊಲ್ಲಲು ಬಂದನೆಂದೇ ತಿಳಿದು ವಿಷವುಂಡನು.

ಶೋಕ ತಾಳಲಾರದೆ ಕೂಣಿಕನು ರಾಜಗೃಹವನ್ನು ತೊರೆದು ಚಂಪಾನಗರಿಯಲ್ಲಿ ನೆಲೆಸಿದನು.