ಬೆಳಕಿನ ಉಪಾಸಕ ಸುಬ್ರತ ಮಿತ್ರ

ಚಲನಚಿತ್ರವನ್ನು ನೋಡಿ ಹೊರಬರುವವರು ನಟನಟಿಯರನ್ನು ನೆನೆಯುತ್ತಾರೆ, ನಿರ್ದೇಶಕರನ್ನು ಕೊಂಡಾಡುತ್ತಾರೆ. ಆ ದೃಶ್ಯಗಳನ್ನು ಕಾಣಿಸಿಕೊಟ್ಟ ಛಾಯಾಗ್ರಾಹಕನ ಹೆಸರು ಬಹುಮಟ್ಟಿಗೆ ಅಜ್ಞಾತವಾಗಿಯೇ ಉಳಿಯುತ್ತದೆ. ಸತ್ಯಜಿತ್ ರಾಯ್ ಅವರ ಹತ್ತು ಚಿತ್ರಗಳಿಗೆ ಬೆಳಕಿನ ಜೀವ ತುಂಬಿದ ಸುಬ್ರತ ಮಿತ್ರರು ಅಂತಹ ಮಹನೀಯರಲ್ಲಿ ಅಗ್ರಗಣ್ಯರು.

ಮಿತ್ರರು 1930ರ ಅಕ್ಟೋಬರ್ 12ರಂದು ಜನಿಸಿದರು. ಕಲ್ಕತ್ತೆಯಲ್ಲಿ ವಿಜ್ಞಾನದ ವಿದ್ಯಾರ್ಥಿಯಾಗಿದ್ದಾಗಲೇ ಅವರ ಮನಸ್ಸು ಛಾಯಾಗ್ರಹಣಕ್ಕೆ ಒಲಿದಿತ್ತು. ಆದರೆ ಸಹಾಯಕನ ಕೆಲಸವೂ ದೊರೆಯಲಿಲ್ಲ. ಅದೇ ವೇಳೆಗೆ ಫ್ರಾನ್ಸಿನ ಪ್ರಖ್ಯಾತ ನಿರ್ದೇಶಕ ಜಾನ್ ರೆನ್ವಾ ಅವರು 'ದಿ ರಿವರ್' ಚಿತ್ರಕ್ಕಾಗಿ ಬಂಗಾಳಕ್ಕೆ ಬಂದಿದ್ದರು. ಅಲ್ಲಿಯೂ ಕೆಲಸ ಸಿಗದಾಗ ತಂದೆಯೇ ಮಗನನ್ನು ರೆನ್ವಾರ ಬಳಿಗೆ ಕರೆದೊಯ್ದು, ದೂರ ನಿಂತು ನೋಡುವ ಅನುಮತಿಯನ್ನು ಕೊಡಿಸಿದರು. 19ರ ಹರೆಯದ ಆ ಏಕಲವ್ಯ ನಿತ್ಯವೂ ದೀಪಗಳ ಸ್ಥಾನ, ಕ್ಯಾಮರಾದ ಚಲನೆಗಳನ್ನು ರೇಖಾಚಿತ್ರ ಸಮೇತ ಬರೆದಿಟ್ಟುಕೊಂಡ. ಆ ಟಿಪ್ಪಣಿಗಳು ಎಷ್ಟು ಕರಾರುವಾಕ್ಕಾಗಿದ್ದವೆಂದರೆ, ಛಾಯಾಗ್ರಾಹಕ ಕ್ಲೋಡ್ ರೆನ್ವಾ ಅವರೇ ಒಮ್ಮೆ ಅವುಗಳ ನೆರವು ಪಡೆದರು. ರಾಯ್ ಅವರ ಸ್ನೇಹ ಬೆಳೆದುದೂ ಅಲ್ಲಿಯೇ.

1952ರಲ್ಲಿ 'ಪಥೇರ್ ಪಾಂಚಾಲಿ'ಯ ಚಿತ್ರೀಕರಣ ಆರಂಭವಾದಾಗ ಮಿತ್ರರಿಗೆ 22 ವರ್ಷ. ಅದಕ್ಕೆ ಮೊದಲು ಅವರು ಚಲನಚಿತ್ರದ ಕ್ಯಾಮರಾವನ್ನು ನಡೆಸಿಯೇ ಇರಲಿಲ್ಲ. 1955ರಲ್ಲಿ ತೆರೆಕಂಡ ಆ ಚಿತ್ರ ಲೋಕವಿಖ್ಯಾತವಾಯಿತು. ಸಿತಾರ್ ಬಲ್ಲ ಮಿತ್ರರು ಅದರ ಕೆಲವು ಭಾಗಗಳಿಗೆ ಸ್ವತಃ ಸಿತಾರ್ ನುಡಿಸಿದ್ದಾರೆಂಬುದು ಬಹುಜನರಿಗೆ ತಿಳಿಯದು.

ಮರುವರ್ಷದ 'ಅಪರಾಜಿತೊ' ಅವರ ನಿಜವಾದ ಪರೀಕ್ಷೆಯಾಯಿತು. ಮಳೆಗಾಲದ ಭಯದಿಂದ ಕಾಶಿಯ ಮನೆಯನ್ನು ಕಲ್ಕತ್ತೆಯ ಸ್ಟುಡಿಯೋದಲ್ಲಿಯೇ ನಿರ್ಮಿಸಬೇಕಾಯಿತು. ಕಾಶಿಯ ಹಳೆಯ ಮನೆಗಳ ನಡುಅಂಗಳಕ್ಕೆ ಆಗಸದಿಂದ ಇಳಿಯುವುದು ನೆರಳು ಚೆಲ್ಲದ ತಿಳಿಬೆಳಕು. ಸ್ಟುಡಿಯೋದ ದೀಪಗಳಾದರೋ ಒಂದೊಂದೂ ಒಂದೊಂದು ನೆರಳನ್ನು ಮೂಡಿಸುತ್ತವೆ. ಇದು ಅಸಾಧ್ಯವೆಂದು ಮಿತ್ರರು ರಾಯ್ ಅವರೊಡನೆಯೂ ಕಲಾನಿರ್ದೇಶಕ ಬನ್ಸಿ ಚಂದ್ರಗುಪ್ತರೊಡನೆಯೂ ವಾದಿಸಿದರು; ವಾದದಲ್ಲಿ ಸೋತರು. ಆ ಸೋಲೇ ಹೊಸ ಹಾದಿಯನ್ನು ತೆರೆಯಿತು. ಅಂಗಳದ ಮೇಲೆ ಬಿಳಿಯ ಬಟ್ಟೆಯನ್ನು ಬಿಗಿದು, ದೀಪಗಳನ್ನು ಕೆಳಗಿನಿಂದ ಅದರತ್ತ ತಿರುಗಿಸಿದರು. ಬಟ್ಟೆಗೆ ತಾಗಿ ಮರಳಿದ ಬೆಳಕು ಸಾಕ್ಷಾತ್ ಆಗಸದ ಬೆಳಕೇ ಆಯಿತು. ಮುಂದೆ ಜಗತ್ತಿನ ಹಲವೆಡೆ ರೂಢಿಗೆ ಬಂದ ಈ ವಿಧಾನವನ್ನು ಮೊದಲು ಬಳಸಿದವರಲ್ಲಿ ಮಿತ್ರರು ಒಬ್ಬರು.

'ಜಲಸಾಘರ್', 'ಚಾರುಲತಾ', ರಾಯ್ ಅವರ ಮೊದಲ ವರ್ಣಚಿತ್ರ 'ಕಾಂಚನಜಂಘಾ' ಅವರ ಕೀರ್ತಿಯನ್ನು ಬೆಳಗಿಸಿದವು. 1966ರ 'ನಾಯಕ್' ಬಳಿಕ ಇಬ್ಬರ ಮಾರ್ಗಗಳು ಬೇರೆಯಾದವು. ಒಪ್ಪಿಗೆಯಾಗುವವರೆಗೆ ಕೆಲಸವನ್ನು ಬಿಡದ ಮಿತ್ರರು ಅನಂತರ ಕೆಲವೇ ಚಿತ್ರಗಳನ್ನು ಮಾಡಿದರು. ಆದರೂ 'ನ್ಯೂ ಡೆಲ್ಲಿ ಟೈಮ್ಸ್' ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಅರಸಿಬಂದಿತು. ಪದ್ಮಶ್ರೀ ಗೌರವವೂ ಸಂದಿತು.

ಗುರುವಿಲ್ಲದೆ ನೋಡಿ ಕಲಿತ ಈ ಸಾಧಕರು ಬಾಳಿನ ಕೊನೆಯ ವರ್ಷಗಳಲ್ಲಿ ಸ್ವತಃ ಗುರುಪೀಠವನ್ನೇರಿದರು. 1997ರಿಂದ ಕಲ್ಕತ್ತೆಯ ಸತ್ಯಜಿತ್ ರಾಯ್ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆಯಲ್ಲಿ ಪ್ರಾಧ್ಯಾಪಕರಾಗಿದ್ದು, 2001ರ ಡಿಸೆಂಬರ್‌ನಲ್ಲಿ ದಿವಂಗತರಾದರು. ಅಂದು ಬಾಗಿಲಲ್ಲಿ ನಿಂತು ನೋಡಲು ಅನುಮತಿ ಬೇಡಿದ್ದ ಯುವಕನು, ಕಲಿಯಬಂದವರಿಗೆಲ್ಲ ಬಾಗಿಲು ತೆರೆದ ಆಚಾರ್ಯನಾಗಿ ಕಣ್ಮುಚ್ಚಿದುದೇ ಆ ಜೀವನದ ಸಾರ್ಥಕತೆ.