ತುಟಿ ನೋಡಿ ಮಾತು ಹಿಡಿದ ಬಾಲಣ್ಣ

ನನಗೆ ಎಡಗಿವಿ ಮಂದ. ಸಂದರ್ಶನದಲ್ಲಿ ಪ್ರಶ್ನೆ ಕೇಳಿಸದಿದ್ದರೆ ಮತ್ತೊಮ್ಮೆ ಹೇಳಿ ಎನ್ನಲು ನಾಚಿಕೆ. ಮಾದನಾಯಕನಹಳ್ಳಿಯ ನಮ್ಮ ಮನೆಯಲ್ಲಿ ‘ಬಂಗಾರದ ಮನುಷ್ಯ’ (1972) ನೋಡುತ್ತಿದ್ದಾಗ ಅಪ್ಪ ಹೇಳಿದರು, ರಾಚೂಟಪ್ಪನ ಪಾತ್ರ ಮಾಡಿದ ಟಿ.ಎನ್. ಬಾಲಕೃಷ್ಣ ಅವರಿಗೆ ಕಿವಿ ಕೇಳುತ್ತಿರಲಿಲ್ಲವೆಂದು. ನಂಬಿಕೆಯಾಗದೆ ಮೊಬೈಲಿನಲ್ಲಿ ಮತ್ತೆ ನೋಡಿದೆ. ರಾಜ್‌ಕುಮಾರ್ ಮಾತು ಮುಗಿಸುತ್ತಿದ್ದಂತೆ ಇವರದು ಶುರು, ಚೂರೂ ತಡವರಿಕೆಯಿಲ್ಲ!

ಅರಸೀಕೆರೆಯ ಬಾಲಣ್ಣ ನಾಟಕ ಕಂಪನಿಯಲ್ಲಿ ಪಳಗಿದವರು. ಎದುರಿನವರ ತುಟಿ ಗಮನಿಸಿ ಸಂಭಾಷಣೆ ಹೇಳುತ್ತಿದ್ದರಂತೆ. ಖಳ, ಹಾಸ್ಯಗಾರ, ಅಪ್ಪ, ಅಜ್ಜ ಎನ್ನುತ್ತಾ 500ಕ್ಕೂ ಹೆಚ್ಚು ಚಿತ್ರ ಮಾಡಿದರು. ದುಡಿದದ್ದನ್ನು ಕೆಂಗೇರಿ ಬಳಿಯ ಅಭಿಮಾನ್ ಸ್ಟುಡಿಯೋಗೆ ಸುರಿದು ಸಾಲ ಹೊತ್ತರು. 1995ರಲ್ಲಿ ತೀರಿಕೊಂಡರು.

ಸೋಮವಾರ ಪೀಣ್ಯದಲ್ಲಿ ನನಗೆ ಸಂದರ್ಶನ. ಈ ಸಲ ಕಿವಿಯ ವಿಷಯ ಮೊದಲೇ ಹೇಳಿ, ಅವರ ಮುಖ ಕಾಣುವಂತೆ ಕೂರುತ್ತೇನೆ.