ಮಹಾವೀರಾಚಾರ್ಯ ಮತ್ತು ಮಹಾಸಂಖ್ಯೆಗಳು

ಕಾಗಿಣಾ ನದಿಯ ದಡದಲ್ಲಿರುವ, 1956ರವರೆಗೆ ಹೈದರಾಬಾದು ರಾಜ್ಯಕ್ಕೆ ಸೇರಿದ್ದ ಮಳಖೇಡವೇ ರಾಷ್ಟ್ರಕೂಟರ ಮಾನ್ಯಖೇಟ. ಕವಿರಾಜಮಾರ್ಗದ ಮೂಲಕ ಅಮೋಘವರ್ಷ ನೃಪತುಂಗನನ್ನು ಬಲ್ಲ ಕನ್ನಡ ವಿದ್ಯಾರ್ಥಿಗಳಿಗೆ ಅದೇ ಅರಸನ ಕಾಲದ ಗಣಿತಜ್ಞ ಮಹಾವೀರಾಚಾರ್ಯನ ಪರಿಚಯ ಅಷ್ಟಾಗಿ ಇಲ್ಲ. ಅವನ ತಂದೆತಾಯಿ, ಗುರು, ಹುಟ್ಟಿದೂರು ಯಾವುವೂ ತಿಳಿದುಬಂದಿಲ್ಲ. ಗಣಿತಸಾರಸಂಗ್ರಹದ ಆರಂಭದಲ್ಲಿರುವ ನೃಪತುಂಗನ ಸ್ತುತಿಯಿಂದ ಅವನ ಕಾಲವನ್ನು ಸುಮಾರು ಕ್ರಿ.ಶ. 850 ಎಂದು ಗೊತ್ತುಪಡಿಸಲಾಗಿದೆ. ಅವನು ಜೈನನೆಂಬುದು ಗ್ರಂಥದ ಮೊದಲ ಶ್ಲೋಕದಿಂದಲೇ ಸ್ಪಷ್ಟ. ಸಂಖ್ಯಾಜ್ಞಾನವೆಂಬ ದೀಪದಿಂದ ಜಗತ್ತನ್ನು ಬೆಳಗಿದವನೆಂದು ಅಲ್ಲಿ ಜಿನನಿಗೆ ವಂದನೆಯಿದೆ.

ಈ ವಂದನೆ ಕೇವಲ ಉಪಚಾರದ್ದಲ್ಲ. ಮನಸ್ಸಿಗೆ ನಿಲುಕದ ಸಂಖ್ಯೆಗಳನ್ನು ಜೈನರಷ್ಟು ಆಸಕ್ತಿಯಿಂದ ಚಿಂತಿಸಿದವರು ವಿರಳ. ಸಂಖ್ಯೆಗಳನ್ನು ಅವರು ಸಂಖ್ಯಾತ, ಅಸಂಖ್ಯಾತ, ಅನಂತ ಎಂದು ವಿಭಾಗಿಸಿದರು. ಮನುಷ್ಯರ ಸಂಖ್ಯೆಯನ್ನು ಹೇಳಬೇಕಾದಾಗ, 96 ಸಲ ಅರ್ಧಿಸಬಹುದಾದ ರಾಶಿಯೆಂದು ಅವರ ಆಗಮ ಸೂಚಿಸುತ್ತದೆ. ಅದು 29 ಅಂಕೆಗಳ ಸಂಖ್ಯೆ! ಅಂಕೆಗಳನ್ನು ಬರೆದು ತಿಳಿಯಲಾಗದ್ದನ್ನು ಅರ್ಧಿಸುವ ಕ್ರಿಯೆಯನ್ನೆಣಿಸಿ ತಿಳಿಯುವ ಈ ಮಾರ್ಗವನ್ನು ಅದೇ ಶತಮಾನದ ವೀರಸೇನಾಚಾರ್ಯನ ಧವಲಾ ಟೀಕೆಯಲ್ಲಿಯೂ ಕಾಣಬಹುದು.

ಮಹಾವೀರಾಚಾರ್ಯನ ದಾರಿ ಬೇರೆ. ಅಸಂಖ್ಯಾತದ ಗೊಡವೆಗೆ ಹೋಗದೆ, ಲೆಕ್ಕಕ್ಕೆ ದಕ್ಕುವಷ್ಟನ್ನು ಅವನು ಹೆಸರಿಟ್ಟು ಹಿಡಿದನು. ಆರ್ಯಭಟನು ಹತ್ತು ಸ್ಥಾನಗಳನ್ನು ಹೆಸರಿಸಿದ್ದರೆ ಇವನು ಇಪ್ಪತ್ತನಾಲ್ಕನ್ನು ಹೆಸರಿಸಿದನು. ಕೋಟಿಯನ್ನು ದಾಟಿ ಅರ್ಬುದ, ಖರ್ವ, ಪದ್ಮ, ಕ್ಷೋಣಿ, ಶಂಖ, ಕ್ಷಿತಿಗಳ ಮೂಲಕ ಸಾಗುವ ಈ ಸಾಲು ಮಹಾಕ್ಷೋಭದಲ್ಲಿ ನಿಲ್ಲುತ್ತದೆ; ಅಂದರೆ ಒಂದರ ಮುಂದೆ 23 ಸೊನ್ನೆಗಳು. ತೀರ್ಥಂಕರರೂ ಇಪ್ಪತ್ತನಾಲ್ವರೇ ಎಂಬುದು ನೆನಪಾಗದಿರದು, ಆದರೆ ಅದಕ್ಕೆ ಗ್ರಂಥದ ಆಧಾರವಿಲ್ಲ.

ದೊಡ್ಡ ಸಂಖ್ಯೆ ಅವನಿಗೆ ಭೀತಿಯ ವಸ್ತುವಲ್ಲ, ಸೊಗಸಿನ ವಸ್ತು. 142857143ನ್ನು 7ರಿಂದ ಗುಣಿಸಿದರೆ 1000000001 ಬರುತ್ತದೆ. 11011011ನ್ನು 91ರಿಂದ ಗುಣಿಸಿದರೆ 1002002001. ಎರಡು ತುದಿಗಳಿಂದಲೂ ಒಂದೇ ಆಗಿ ಓದಿಸಿಕೊಳ್ಳುವ ಇಂಥ ಗುಣಲಬ್ಧಗಳನ್ನು ಅವನು ಕಂಠಾಭರಣಗಳಿಗೆ ಹೋಲಿಸಿದನು. ಸೊನ್ನೆಯಿಂದ ಭಾಗಿಸಿದ ಸಂಖ್ಯೆ ಬದಲಾಗದೆ ಉಳಿಯುತ್ತದೆಂದದ್ದು ಮಾತ್ರ ಅವನ ತಪ್ಪು. ಅನಂತವನ್ನು ಅಷ್ಟು ಬಗೆಯಾಗಿ ವಿಂಗಡಿಸಿದ ಪರಂಪರೆಯವನು ಇಲ್ಲಿ ಎಡವಿದ್ದು ಸೋಜಿಗವೇ ಸರಿ.

ಹನ್ನೊಂದನೆಯ ಶತಮಾನದಲ್ಲಿಯೇ ಪಾವುಲೂರಿ ಮಲ್ಲನನು ಈ ಗ್ರಂಥವನ್ನು ತೆಲುಗಿಗೆ ತಂದನು. ಎಂ. ರಂಗಾಚಾರ್ಯರು 1912ರಲ್ಲಿ ಮದರಾಸಿನಿಂದ ಇಂಗ್ಲಿಷ್ ಅನುವಾದದೊಡನೆ ಮೂಲವನ್ನು ಪ್ರಕಟಿಸಿದರು. ಪದ್ಮಾವತಮ್ಮನವರ ಕನ್ನಡಾನುವಾದ ಹೊಂಬುಜದಿಂದ ಹೊರಬಂದದ್ದು 2000ದಲ್ಲಿ.